ಟೈಲರಕ್ಕನ ಅರ್ಧ ದಾರಿಯ ಲೋಡು

ಹಳೆಯ ಸಿಪಿಯು ಡಬ್ಬ ಬಿಚ್ಚಿದರೆ ಅದರದೇ ಒಂದು ವಾಸನೆ ಬರುತ್ತದೆ. ಹೋಟೆಲಿನಲ್ಲಿದ್ದದ್ದಾದರೆ ಎಣ್ಣೆ ಜಿಡ್ಡು, ಸಿಮೆಂಟ್ ಅಂಗಡಿಯದಾದರೆ ಬೂದು ಪುಡಿ. ಮಧುಗಿರಿಯಲ್ಲಿ ಇಪ್ಪತ್ತು ವರ್ಷದಿಂದ ಸೆಕೆಂಡ್ ಹ್ಯಾಂಡ್ ಕಂಪ್ಯೂಟರ್ ಮಾರುತ್ತಿರುವ ನಾನು ಗಿರಾಕಿಗಳಿಗೆ ಮೊದಲು ಹೇಳುವ ಮಾತೇ ಇದು: ಹೊರಗಿನ ಪೇಂಟ್ ನೋಡಬೇಡಿ, ಸ್ಕ್ರೂ ಬಿಚ್ಚಿಸಿ ಫ್ಯಾನ್ ನೋಡಿ. ಅದು ಎಲ್ಲಿ ಬಾಳಿತ್ತು ಅನ್ನುವುದನ್ನು ಫ್ಯಾನ್ ಮುಚ್ಚಿಡುವುದಿಲ್ಲ.

ಮೊನ್ನೆ ಬೆಳಿಗ್ಗೆ ಬಿಚ್ಚಿದ ಡಬ್ಬದ ಫ್ಯಾನಿಗೆ ಬಣ್ಣಬಣ್ಣದ ದಾರದ ಎಳೆಗಳು ಸುತ್ತಿಕೊಂಡಿದ್ದವು. ಗಿಳಿಹಸಿರು, ಅರಿಸಿನ, ರಾಣಿ ಕಲರು. ಜೊತೆಗೆ ಹೊಲಿಗೆ ಮೆಷಿನ್ನಿಗೆ ಬಿಡುವ ಎಣ್ಣೆಯ ತೆಳು ವಾಸನೆ... ಬ್ರಷ್ಷು ಕೈಯಲ್ಲೇ ಉಳಿಯಿತು. ಅದು ಟೈಲರಕ್ಕನ ಕಂಪ್ಯೂಟರು. ಏಳೆಂಟು ತಿಂಗಳಿಂದ ಮೂಲೆಯಲ್ಲಿಟ್ಟು, ಬಿಚ್ಚಲು ಮನಸ್ಸು ಬಾರದೆ ಮೇಲೊಂದು ಕವರ್ ಹೊದಿಸಿದ್ದೆ.

ಬಸ್ ಸ್ಟ್ಯಾಂಡಿನ ಹಿಂದಿನ ಓಣಿಯಲ್ಲಿ ನನ್ನ ಅಂಗಡಿಗೆ ಎದುರಾಗಿ ಅಕ್ಕನ ಅಂಗಡಿ ಇತ್ತು. ನಡುವೆ ಹತ್ತಡಿ ರಸ್ತೆ. ಅವರು ಪಾವಗಡದ ಕಡೆಯವರು; ನಿಡುಗಲ್ ಬೆಟ್ಟದ ಬುಡದ ಊರಿನಿಂದ ಒಬ್ಬರೇ ಬಂದು ಹೊಲಿಗೆ ಇಟ್ಟುಕೊಂಡಿದ್ದರು. ಮಾತಿನ ನಡುವೆ ತೆಲುಗಿಗೆ ಜಾರಿ ಮತ್ತೆ ಕನ್ನಡಕ್ಕೆ ಬರುತ್ತಿದ್ದರು. ಬ್ಲೌಸಿನ ಡಿಸೈನುಗಳನ್ನು ಗಿರಾಕಿಗಳಿಗೆ ದೊಡ್ಡದಾಗಿ ತೋರಿಸಬೇಕೆಂದು ನನ್ನಲ್ಲಿ ಕಂಪ್ಯೂಟರ್ ಕೊಳ್ಳಲು ಬಂದರು. ಚೌಕಾಸಿಯಲ್ಲಿ ನನ್ನನ್ನು ಸೋಲಿಸಿದವರು ಆ ಓಣಿಯಲ್ಲಿ ಅವರೊಬ್ಬರೇ. ನಾನು ಬೆಲೆ ಇಳಿಸದೆ ಕೂತಾಗ ನನ್ನ ಹಿಂದಿದ್ದ ಕಂಪ್ಯೂಟರ್ ಪರದೆಯತ್ತ ಬೆರಳು ತೋರಿಸಿದರು. ಅಲ್ಲಿ ನಾನು ಆಡುತ್ತಿದ್ದ ಆಟದ ಲಾರಿ ಯಾವುದೋ ದೇಶದ ಹಿಮದ ರಸ್ತೆಯಲ್ಲಿ ನಿಂತಿತ್ತು.

“ಸರೇಲೆ, ರೇಟು ನಿಂದೇ ಇರ್ಲಿ. ಆ ಲಾರಿ ಆಟ ನಂಗೂ ಹಾಕ್ಕೊಡು.”

“ಅಕ್ಕ, ಅದು ಗಂಡುಡುಗ್ರು ಆಡೋದು ಕಣಕ್ಕ.”

“ಒಂದ್ ದಿನ ಬಂದು ನನ್ ಮೆಷಿನ್ ತುಳಿ ಬಾ. ಯಾರ್ ಕಾಲಾಗೆ ದಮ್ಮೈತೆ ನೋಡೇ ಬುಡಾನ.”

ತಿಳಿಯದವರಿಗೆ ಹೇಳಿಬಿಡುತ್ತೇನೆ. ಕಂಪ್ಯೂಟರ್ ಆಟಗಳನ್ನು ಈಗ ಯಾರೂ ಸೀಡಿಯಲ್ಲಿ ಕೊಳ್ಳುವುದಿಲ್ಲ. ಆನ್‌ಲೈನ್ ತಾಣದಲ್ಲಿ ಅಕೌಂಟ್ ತೆರೆದು ಕೊಳ್ಳುತ್ತೇವೆ. ನಾನು ಬಳಸುವ ತಾಣದಲ್ಲಿ ‘ಫ್ಯಾಮಿಲಿ’ ಎಂಬ ಏರ್ಪಾಡಿದೆ. ಅದರಲ್ಲಿ ಆರು ಜಾಗ. ಒಬ್ಬರು ಕೊಂಡ ಆಟವನ್ನು ಆರೂ ಜನ ತಮ್ಮ ತಮ್ಮ ಅಕೌಂಟಿನಿಂದ ಆಡಬಹುದು. ಆದರೆ ಇರುವುದು ಒಂದೇ ಪ್ರತಿಯಾದರೆ ಒಂದು ಹೊತ್ತಿಗೆ ಒಬ್ಬರೇ. ನಾನು, ಹೆಂಡತಿ, ಇಬ್ಬರು ತಮ್ಮಂದಿರು, ಜೊತೆಗಿರುವ ಭಾವಮೈದ. ಆರನೆಯ ಜಾಗಕ್ಕೆ ಟೈಲರಕ್ಕನನ್ನು ಸೇರಿಸಿದೆ. ಒಂದೇ ಮನೆಯವರಿಗೆಂದು ಮಾಡಿದ ಏರ್ಪಾಡು ಅದು. ನಡುವಿನ ಹತ್ತಡಿ ರಸ್ತೆಯನ್ನು ನಮ್ಮ ಮನೆಯ ಪಡಸಾಲೆ ಅಂದುಕೊಂಡೆ.

ಅಕ್ಕನ ಹೆಸರಲ್ಲೇ ಅಕೌಂಟ್ ತೆರೆದು, ಅವರದೇ ಫೋನ್ ನಂಬರ್ ಜೋಡಿಸಿ, ಎಲ್ಲರಿಗೂ ಹೇಳುವ ಬುದ್ಧಿಮಾತು ಅವರಿಗೂ ಹೇಳಿದೆ: ಪಾಸ್‌ವರ್ಡ್ ಎಲ್ಲೂ ಬರೆದಿಡಬೇಡಿ, ಕೋಡ್ ಯಾರಿಗೂ ಹೇಳಬೇಡಿ, ಯಾವುದಕ್ಕೂ ಓದದೆ ಸರಿ ಅಂತ ಒತ್ತಬೇಡಿ. ಅವರು ಪಾಸ್‌ವರ್ಡನ್ನು ಅಳತೆ ಪುಸ್ತಕದಲ್ಲಿ, ಯಾರದೋ ಎದೆ, ತೋಳು, ಸೊಂಟದ ಅಳತೆಗಳ ಕೆಳಗೆ ಬರೆದಿಟ್ಟರು. “ಇದ್ರಾಗೆ ಯಾವ ಕಳ್ಳ ಹುಡುಕ್ತಾನಪ್ಪ?” ಅಂದರು. ಯೋಚಿಸಿದರೆ ಸರಿಯೇ ಅನ್ನಿಸಿತು.

ಮಧ್ಯಾಹ್ನ ಊಟದ ಮೇಲೆ ಓಣಿಯಲ್ಲಿ ಜನ ಕಡಿಮೆ. ನನಗೂ ಅದೇ ಬಿಡುವು, ಅವರಿಗೂ ಅದೇ ಬಿಡುವು. ಒಬ್ಬರು ಲಾರಿ ಹತ್ತಿದರೆ ಇನ್ನೊಬ್ಬರಿಗೆ ‘ಈ ಆಟ ಬಳಕೆಯಲ್ಲಿದೆ’ ಎಂದು ಬರುತ್ತಿತ್ತು. ಅದಕ್ಕೊಂದು ಉಪಾಯ ಮಾಡಿದವರೂ ಅಕ್ಕನೇ. ತಾವು ಕೂತಾಗ ಬಾಗಿಲ ಕೊಂಡಿಗೆ ಒಂದು ಕೆಂಪು ಬ್ಲೌಸ್ ಪೀಸಿನ ತುಂಡು ಸಿಕ್ಕಿಸುತ್ತಿದ್ದರು. ಇಳಿದ ಮೇಲೆ ತೆಗೆಯುತ್ತಿದ್ದರು. ಎಷ್ಟೋ ಮಧ್ಯಾಹ್ನ ನಾನು ನನ್ನ ಆಟ ಬಿಟ್ಟು ಅವರ ಅಂಗಡಿಯ ಸ್ಟೂಲಿನ ಮೇಲೆ ಕೂತು ಅವರು ಓಡಿಸುವುದನ್ನು ನೋಡಿದ್ದೇನೆ. ಮೇಜಿನ ಕೆಳಗೆ ಏನೂ ಇಲ್ಲದಿದ್ದರೂ ಅವರ ಎರಡೂ ಪಾದ ತುಳಿಯುತ್ತಲೇ ಇರುತ್ತಿದ್ದವು. ಕೆಂಪು ದೀಪ ಕಂಡರೆ, ಮುಂದೆ ಹಿಂದೆ ಒಂದು ನರಪಿಳ್ಳೆ ಇಲ್ಲದಿದ್ದರೂ, ನಿಲ್ಲಿಸುತ್ತಿದ್ದರು. ನಾನು ನಕ್ಕರೆ, “ನಗ್ಬ್ಯಾಡ್ವೋ. ಈ ರಸ್ತ್ಯಾಗೆ ಯಾರೂ ನಾಳೆ ಮದ್ವೆ ಐತೆ, ಇವತ್ತೇ ಹೊಲ್ದುಕೊಡು ಅನ್ನಂಗಿಲ್ಲ. ನಂಗ್ಯಾಕೆ ಅವಸ್ರ?” ಅನ್ನುತ್ತಿದ್ದರು.

ಹೋದ ವರ್ಷ ಶಿವರಾತ್ರಿ ಕಳೆದ ಮೇಲೆ ಅವರು ಹದಿನೈದು ದಿನಕ್ಕೆಂದು ಪಾವಗಡದ ಹತ್ತಿರದ ತಂಗಿಯ ಊರಿಗೆ ಹೋದರು. ಹೋಗುವ ದಿನ ಆಟದ ಲಾರಿಯಲ್ಲಿ ಸಮುದ್ರ ತೀರದ ಒಂದು ಊರಿಗೆ ದೊಡ್ಡ ಲೋಡು ಹೊತ್ತಿದ್ದರು. ಬಸ್ಸಿಗೆ ಹೊತ್ತಾಯಿತೆಂದು ಅರ್ಧ ದಾರಿಯಲ್ಲೇ ನಿಲ್ಲಿಸಿ, “ಬಂದು ಮುಟ್ಟಿಸ್ತೀನಿ, ನೀನು ನನ್ ಲಾರಿ ಮುಟ್ಬ್ಯಾಡ” ಅಂತ ಎಚ್ಚರಿಸಿ ಹೋದರು.

ಅದೇ ವಾರ ಸಿರಾದಿಂದ ಒಬ್ಬ ಗಿರಾಕಿ ಬಂದ. ಎರಡು ಕಂಪ್ಯೂಟರಿನ ವ್ಯಾಪಾರ. ಎಲ್ಲ ಮುಗಿದ ಮೇಲೆ ಪಟ್ಟು ಹಿಡಿದ. “ಭಾಯ್, ನಿಮ್ ಫ್ಯಾಮಿಲೀಲಿ ಒಂದ್ ಜಾಗ ಕೊಡಿ, ಮಾಲು ಈಗ್ಲೇ ಎತ್ಕೊಂಡ್ ಹೋಗ್ತೀನಿ.” ಆರೂ ತುಂಬಿದ್ದವು. ಅಕ್ಕ ಹೇಗೂ ಊರಲ್ಲಿಲ್ಲ, ಒಂದು ವಾರ ಇವನನ್ನು ಸೇರಿಸಿ ಆಮೇಲೆ ಅದಲುಬದಲು ಮಾಡಿದರಾಯಿತು ಅಂದುಕೊಂಡೆ. ಅಕ್ಕನ ಹೆಸರಿನ ಮುಂದೆ ತೆಗೆದುಹಾಕು ಅಂತ ಒತ್ತಿದೆ. ಏನೋ ನಾಲ್ಕು ಸಾಲು ಬಂತು. ಓದದೆ ಸರಿ ಅಂತಲೂ ಒತ್ತಿದೆ. ಆಮೇಲೆ ಓದಿದೆ. ತೆಗೆದ ಜಾಗ ಒಂದು ವರ್ಷದವರೆಗೆ ಖಾಲಿಯೇ ಇರುತ್ತದೆ, ಯಾರನ್ನೂ ಸೇರಿಸುವಂತಿಲ್ಲ, ತೆಗೆದವರನ್ನೂ ಸಹ. ಸಿರಾದವನು ಇನ್ನೊಂದು ಅಂಗಡಿ ನೋಡಿಕೊಂಡ.

ಅಕ್ಕ ಊರಿಂದ ಬಂದವರೇ ಬಾಗಿಲಿಗೆ ಕೆಂಪು ಬಟ್ಟೆ ಸಿಕ್ಕಿಸಿದರು. ಐದು ನಿಮಿಷಕ್ಕೆ ರಸ್ತೆ ದಾಟಿ ಬಂದರು.

“ಲೇ, ಆಟಾನೇ ಇಲ್ವಲ್ಲೋ. ನನ್ ಲೋಡು ಅರ್ಧ ದಾರ್ಯಾಗೆ ನಿಂತೈತೆ.”

“ಸರ್ವರ್ ಕೆಟ್ಟೈತೆ ಕಣಕ್ಕ,” ಅಂದೆ. “ಸರಿ ಹೋಗ್ತೈತೆ ಬುಡು.”

ನನ್ನ ಪಾಸ್‌ವರ್ಡನ್ನೇ ಕೊಡಬಹುದಿತ್ತು. ಆದರೆ ಅದರಲ್ಲಿರುವುದು ನನ್ನ ಲಾರಿ. ಅವರದು ಅವರ ಅಕೌಂಟಿನಲ್ಲೇ ನಿಂತಿತ್ತು. ಆ ಆಟವನ್ನು ಅವರ ಹೆಸರಿಗೇ ಇನ್ನೊಂದು ಪ್ರತಿ ಕೊಂಡುಕೊಟ್ಟಿದ್ದರೆ ಅಂದೇ ಎಲ್ಲ ಸರಿಹೋಗುತ್ತಿತ್ತು. ಕೊಳ್ಳಲಾರದಷ್ಟು ಬೆಲೆಯೂ ಅಲ್ಲ. ಆದರೆ ಪೂರ್ತಿ ಬೆಲೆಗೆ ಏನನ್ನೂ ಕೊಂಡು ಗೊತ್ತಿಲ್ಲದ ಕೈ ಇದು. ಆಷಾಢದ ಹೊತ್ತಿಗೆ ಆ ತಾಣದಲ್ಲಿ ಮುಕ್ಕಾಲು ಬೆಲೆ ಇಳಿಸುತ್ತಾರೆ. ಅಲ್ಲಿಯವರೆಗೆ ಸರ್ವರಿನ ಮೇಲೆ ಹಾಕಿದರಾಯಿತು ಅಂತ ಕಾದೆ.

ಅಕ್ಕ ಜಗಳ ಆಡಲಿಲ್ಲ. ದಿನಾ ಬೆಳಿಗ್ಗೆ ಅಂಗಡಿ ಬಾಗಿಲು ಎತ್ತುತ್ತಾ ಎದುರಿನಿಂದಲೇ ಕೂಗಿ ಕೇಳುತ್ತಿದ್ದರು: “ಏನಪ್ಪಾ, ಸರ್ವರ್ ಸರಿ ಹೋಯ್ತಾ?” ನಾನು ಇಲ್ಲ ಅಂತ ಕೈ ಆಡಿಸುತ್ತಿದ್ದೆ. ಅವರು ಸ್ವಲ್ಪ ಹೊತ್ತು ನನ್ನ ಮುಖವನ್ನೇ ನೋಡಿ, ಮೆಷಿನ್ನಿಗೆ ಎಣ್ಣೆ ಬಿಡಲು ಕೂರುತ್ತಿದ್ದರು. ಆ ನೋಟ... ಆಗ ನನಗೆ ಅದರಲ್ಲಿ ಬೇರೇನೂ ಕಾಣಲಿಲ್ಲ.

ಅಕ್ಕನಿಗೆ ಕಾಲಿನ ಊತ ಎಂದು ಶುರುವಾದದ್ದು ಮೂತ್ರಪಿಂಡಕ್ಕೆ ಬಂದು ನಿಂತಿತು. ಇನ್ನು ಮೆಷಿನ್ ತುಳಿಯಬೇಡಿ ಅಂದರಂತೆ ಡಾಕ್ಟರು. ಆಷಾಢಕ್ಕೆ ಮುಂಚೆಯೇ ಅಂಗಡಿ ಖಾಲಿ ಮಾಡಿ, ಸಾಮಾನು ಆಟೋಗೆ ಹಾಕಿಸಿಕೊಂಡು ತಂಗಿಯ ಊರಿಗೆ ಹೊರಟರು. ಕಂಪ್ಯೂಟರನ್ನು ಮಾತ್ರ ತೊಡೆಯ ಮೇಲೆ ಇಟ್ಟುಕೊಂಡಿದ್ದರು. ಆಟೋ ಹೊರಡುವಾಗಲೂ ಅದೇ ಪ್ರಶ್ನೆ. ನಾನು ಮತ್ತೆ ಕೈ ಆಡಿಸಿದೆ.

ಎಂಟು ದಿನಕ್ಕೆ ಬೆಲೆ ಇಳಿಯಿತು. ಕೊಂಡು, ಅಕ್ಕನ ಅಕೌಂಟಿಗೆ ಉಡುಗೊರೆಯಾಗಿ ಕಳಿಸಿದೆ. ಫೋನ್ ಮಾಡಿದರೆ ಸ್ವಿಚ್ ಆಫ್. ಉಡುಗೊರೆಯನ್ನು ಮೂವತ್ತು ದಿನದೊಳಗೆ ತೆಗೆದುಕೊಳ್ಳದಿದ್ದರೆ ಕೊಟ್ಟವರ ಹಣ ಅವರಿಗೇ ಮರಳುತ್ತದೆ. ನನ್ನ ಹಣ ಮರಳಿ ಬಂತು. ಜೀವಮಾನದಲ್ಲಿ ಹಣ ವಾಪಸ್ ಬಂದದ್ದಕ್ಕೆ ನಾನು ಹೆದರಿದ್ದು ಅದೊಂದೇ ಸಲ. ಮರುದಿನವೇ ಪಾವಗಡದ ಬಸ್ ಹತ್ತಿದೆ.

ಮಧುಗಿರಿಯಿಂದ ಬಂದೆ ಅಂದದ್ದಕ್ಕೇ ಅವರ ತಂಗಿ ಬಾಗಿಲಲ್ಲೇ ನನ್ನನ್ನು ಗುರುತಿಸಿದರು. ಅಕ್ಕ ತೀರಿಹೋಗಿ ಮೂರು ವಾರವಾಗಿತ್ತು. ನೀರು ಕೊಟ್ಟು, ಎದುರು ಕೂತು, ಅಕ್ಕನದೇ ದನಿಯಲ್ಲಿ ಕೇಳಿದರು: “ನೀನೇ ಅಲ್ವಾ ಸರ್ವರ್ ಅಬ್ಬಾಯಿ, ಎದುರಂಗ್ಡಿ ಹುಡ್ಗ? ಫ್ಯಾಮಿಲಿಯಿಂದ ತೆಗ್ದಾಕಿದ್ದು ಅವತ್ತೇ ಅಕ್ಕನ ಫೋನಿಗೆ ಬಂದಿತ್ತು. ಇಲ್ಲೇ ಕೂತು ಓದಿದ್ಲು. ಕೇಳಬಾರ್ದಾ ಅಂದ್ರೆ, ದಿನಾ ಕೇಳ್ತೀನಿ, ಒಂದಲ್ಲ ಒಂದ್ ದಿನ ಅವ್ನೇ ಹೇಳ್ತಾನೆ ಅಂತಿದ್ಲು.”

ಹೊರಡುವಾಗ ಅವರು ಕಂಪ್ಯೂಟರ್ ಕೊಟ್ಟರು. “ತಗೊಂಡೋಗು, ಇಲ್ಯಾರು ಲಾರಿ ಓಡಿಸ್ತಾರೆ.” ಬಸ್ಸಿನಲ್ಲಿ ಅದನ್ನು ತೊಡೆಯ ಮೇಲೆ ಇಟ್ಟುಕೊಂಡೇ ಬಂದೆ.

ಮೊನ್ನೆಗೆ ಆ ಜಾಗದ ವರ್ಷ ತುಂಬಿತ್ತು. ಅದಕ್ಕೇ ಡಬ್ಬ ಬಿಚ್ಚಿದ್ದು. ಫ್ಯಾನಿನ ದಾರಗಳನ್ನು ತೆಗೆದು ಒಂದು ಕಾಗದದಲ್ಲಿ ಮಡಿಸಿಟ್ಟೆ; ಎಸೆಯಲಾಗಲಿಲ್ಲ. ಆನ್ ಮಾಡಿದರೆ ಅಕ್ಕನ ಅಕೌಂಟ್ ಪಾಸ್‌ವರ್ಡ್ ಕೇಳದೆ ತೆರೆದುಕೊಂಡಿತು. ನನ್ನ ಕಂಪ್ಯೂಟರಿನಿಂದ ಫ್ಯಾಮಿಲಿಗೆ ಸೇರುವ ಆಹ್ವಾನ ಕಳಿಸಿದೆ. ಅವರ ಕಂಪ್ಯೂಟರಿಗೆ ಬಂದು ನಾನೇ ಒಪ್ಪಿಕೊಂಡೆ. ಈ ಸಲ ಪ್ರತಿ ಸಾಲನ್ನೂ ಓದಿದೆ. ಆಟ ಬಂತು. ಅಕ್ಕ ಲಾರಿಯನ್ನು ರಸ್ತೆಯ ಅಂಚಿಗೆ ಒತ್ತಿ, ಇಂಡಿಕೇಟರ್ ಹಾಕಿ ನಿಲ್ಲಿಸಿದ್ದರು. ಇಷ್ಟು ದಿನವಾದರೂ ದೀಪ ಮಿಣುಕುತ್ತಿತ್ತು. ಇನ್ನೂ ನೂರಾರು ಮೈಲಿ ಬಾಕಿ ಎಂದು ಪರದೆಯ ಮೂಲೆಯಲ್ಲಿ ತೋರಿಸುತ್ತಿತ್ತು. ನಾನು ಓಡಿಸಲಿಲ್ಲ. ಮುಟ್ಟಬೇಡ ಅಂದಿದ್ದರು.

ಯಾರಾದರೂ ಜಾಗ ಕೇಳಿದರೆ ಈಗ ಆರೂ ತುಂಬಿವೆ ಅನ್ನುತ್ತೇನೆ. ಕೇಳಿದವರಿಗೆ ಇನ್ನೊಂದು ಮಾತೂ ಹೇಳುತ್ತೇನೆ: ಕೆಲವನ್ನು ಪೂರ್ತಿ ಬೆಲೆ ಕೊಟ್ಟು, ಅವತ್ತೇ ಕೊಂಡುಬಿಡಿ.

ಎದುರಿನ ಅಂಗಡಿಯಲ್ಲಿ ಈಗ ಮೊಬೈಲ್ ರಿಪೇರಿ. ಬೆಳಿಗ್ಗೆ ಅದರ ಬಾಗಿಲು ಎತ್ತುವ ಸದ್ದಾದರೆ ಇವತ್ತಿಗೂ ತಲೆ ಎತ್ತುತ್ತೇನೆ. ಯಾರೂ ಏನೂ ಕೇಳುವುದಿಲ್ಲ. ಸರ್ವರ್ ಕೆಟ್ಟಿರಲಿಲ್ಲ ಕಣಕ್ಕ, ನಾನೇ ತೆಗೆದದ್ದು... ಹೇಳುವುದಕ್ಕೆ ಒಂದು ವರ್ಷ ಹಿಡಿಯಿತು.