ಪಿಕ್ಚರಿನವರ ಪಂಕ್ತಿಯಲ್ಲಿ

ಮಾಗಡಿಯ ಮುಚ್ಚಿಹೋದ ಟಾಕೀಸಿನಲ್ಲಿ ರೀಲು ಓಡಿಸುತ್ತಿದ್ದವರು ನಮ್ಮ ಪಕ್ಕದ ಮನೆಯಲ್ಲಿದ್ದರು. ಯಾವ ಸಿನಿಮಾದ ಮಾತೆತ್ತಿದರೂ ಅವರಿಗೆ ನೆನಪಿರುತ್ತಿದ್ದದ್ದು ಊಟದ ಸೀನು ಮಾತ್ರ. "ಡೈಲಾಗು ಯಾರೋ ಬರ್ಕೊಡ್ತಾರೆ ಕಣ್ಲಾ. ಉಣ್ಣೋದ ನೋಡು, ಆಳು ಎಂಥೋನು ಅಂತ ಗೊತ್ತಾಯ್ತದೆ" ಎನ್ನುವರು. ರೈತನ ವೇಷದ ಹೀರೋ ಮುದ್ದೆಯನ್ನು ಅಗಿದರೆ ಸಾಕು, "ಇವ್ನು ನಮ್ಮೋನಲ್ಲ, ನುಂಗಾಕೆ ಬರಾಕಿಲ್ಲ" ಎಂದು ಇಡೀ ಸಿನಿಮಾವನ್ನೇ ತಳ್ಳಿಹಾಕುವರು.

ಒಂದು ಮಧ್ಯಾಹ್ನ ಅವರೆಕಾಳಿನ ಸಾರು ಕೊಡಲು ಹೋದೆ. ಅವರು ಒಬ್ಬರೇ ತಟ್ಟೆಯ ಮುಂದೆ ಕೂತಿದ್ದರು. ಎದುರಿಗೆ ಚೊಂಬಿಗೆ ಒರಗಿಸಿದ ಮೊಬೈಲಿನಲ್ಲಿ ಯಾವುದೋ ಹಳೆಯ ಸಿನಿಮಾದ ದೊಡ್ಡ ಸಂಸಾರವೊಂದು ಸಾಲಾಗಿ ಊಟಕ್ಕೆ ಕೂತಿತ್ತು. ಚಿತ್ರ ಮಾತ್ರ ಅಲುಗಾಡುತ್ತಿರಲಿಲ್ಲ.

"ನೆಟ್ ನಿಂತೋಯ್ತಾ?" ಎಂದೆ.

"ಇಲ್ಲ ಕಣ್ಲಾ, ನಾನೇ ನಿಲ್ಸಿವ್ನಿ. ಅವ್ರದು ಒಂದೇ ನಿಮಿಷಕ್ಕೆ ಮುಗ್ದೋಯ್ತದೆ. ಪಂಕ್ತೀಲಿ ಒಬ್ಬನ್ನ ಬುಟ್ಟು ಎಲ್ರೂ ಎದ್ದೋದ್ರೆ ಚೆಂದಾಗಿರ್ತದಾ? ನೀನೂ ಒಸಿ ಕೂತ್ಕೊ."

ನನ್ನದು ಊಟವಾಗಿದೆ ಎಂದೆ. ಆಗಿರಲಿಲ್ಲ.

ಅವರು ಕೊನೆಯ ತುತ್ತು ನುಂಗಿ, ತಟ್ಟೆ ಬಳಿದು, ಎಡಗೈ ಬೆರಳಿನಿಂದ ಮೊಬೈಲು ಮುಟ್ಟಿದರು. ಒಳಗಿನವರೆಲ್ಲ ನಗುತ್ತ ಎದ್ದರು. ಅವರ ಜೊತೆಗೆ ಇವರೂ ಎದ್ದರು.