ಹಂಗಳದ ಹುಡುಗಿಯ ಅರಿಶಿನ

ಚಾಮರಾಜನಗರದಲ್ಲಿ ಮಕ್ಕಳ ರಕ್ಷಣೆಯ ಕೆಲಸ ಮಾಡುವ ಗೆಳತಿ ಜಯಮ್ಮನ ಮೇಜಿನೆದುರು ಕೂತಿದ್ದೆ. ಪಕ್ಕದ ಬೆಂಚಿನಲ್ಲಿ ಹಂಗಳ ಎಂಬ ಹಳ್ಳಿಯ ಹದಿನಾಲ್ಕರ ಹುಡುಗಿ. ಬೆಳಿಗ್ಗೆ ಯಾರೋ ಫೋನ್ ಮಾಡಿ ತಿಳಿಸಿದ್ದರಿಂದ ಅವಳ ಮದುವೆ ನಿಲ್ಲಿಸಿ ಕರೆತಂದಿದ್ದರು. ಮುಖದ ಅರಿಶಿನ ಇನ್ನೂ ತೊಳೆದಿರಲಿಲ್ಲ.

ಸ್ವೀಡನ್ನಿನಲ್ಲಿ ಇಂಥ ಮಕ್ಕಳನ್ನು ಬೇರೊಂದು ಸಂಸಾರ ಸಾಕುವ ಕಾನೂನಿದೆ ಎಂದು, ಅಲ್ಲಿ ಇದ್ದು ಬಂದ ಜಂಬದಲ್ಲಿ ಹೇಳಿದೆ.

"ಆ ಕಾನೂನು ನಮ್ಮಲ್ಲೂ ಅದೆ. ಅರಿಶಿನ ಹಚ್ಚಿ ಮದ್ವೆ ನಿಂತೋದ ಹುಡ್ಗೀನ ಯಾರ್ ಮನೆಗ್ ಸೇರುಸ್ಕತ್ತಾರೆ? ಕೆಟ್ಟ ಶಕುನ ಅಂತಾರೆ. ಸ್ವಲ್ಪ ದಿನ ಬಾಲಮಂದಿರ, ಆಮೇಲೆ ಅಪ್ಪನ ಮನೇನೇ," ಎಂದಳು ಜಯಮ್ಮ.

ಹುಡುಗಿ ತಲೆ ಎತ್ತಿದಳು. "ಅಕ್ಕಾ, ಫೋನ್ ಮಾಡ್ದೋಳು ನಾನೇ ಅಂತ ಅಪ್ಪಂಗೆ ಯೋಳ್ಬುಡ್ಬ್ಯಾಡಿ."

ಜಯಮ್ಮ ನೀರಿನ ಚೊಂಬು ಮುಂದಿಟ್ಟು, "ಮಕ ತೊಳ್ಕೊ ಕಣಮ್ಮಿ," ಎಂದಳು. ಹಂಗಳದ ಕಡೆಯ ಬಸ್ಸಿಗೆ ನಾನು ಎದ್ದಾಗಲೂ ಹುಡುಗಿ ಚೊಂಬು ಮುಟ್ಟಿರಲಿಲ್ಲ.