ಎದುರು ಫ್ಲಾಟಿನ ಇಸ್ಕಂದರಾನಿ

ಮೊಮ್ಮಗಳು ಆಸ್ಪತ್ರೆಯಿಂದ ಮನೆಗೆ ಬಂದ ದಿನ ಕುವೈತಿನ ಹವಲ್ಲಿಯ ಆ ಹಳೆಯ ಕಟ್ಟಡದ ಲಿಫ್ಟಿನಲ್ಲಿ ನಾನು, ಮಗಳು, ಅಳಿಯ, ಮತ್ತು ಕಟ್ಟಡ ಕಾಯುವ ಹಾರಿಸ್ ಇದ್ದೆವು. ಬಿಳಿ ಬಟ್ಟೆಯಲ್ಲಿ ಸುತ್ತಿದ ಕೂಸು ಮಗಳ ಕೈಯಲ್ಲಿತ್ತು. ನಾನು ಅದರ ಮುಖ ನೋಡುವುದು, ಮತ್ತೆ ಕನ್ನಡಿಯಲ್ಲಿ ನೋಡುವುದು. ಕನ್ನಡಿಯಲ್ಲಿ ನೋಡಿದರೆ ಇಬ್ಬರು ಮೊಮ್ಮಕ್ಕಳು ಸಿಕ್ಕಿದ ಹಾಗೆ. ಗಲ್ಲದಲ್ಲಿ ಸಣ್ಣದೊಂದು ಕುಳಿ ಇತ್ತು, ತೀರಿಹೋದ ನನ್ನ ಹೆಂಡತಿಯದ್ದೇ. ನನಗೆ ಬೇರೆ ಏನೂ ಬೇಕಿರಲಿಲ್ಲ. ಲಿಫ್ಟು ಅಲ್ಲೇ ನಿಂತು ಕೆಟ್ಟು ಹೋಗಿದ್ದರೂ ನಾನು ತಕರಾರು ಮಾಡುತ್ತಿರಲಿಲ್ಲ.

ಬಾಗಿಲು ತೆರೆದಾಗ ಎದುರಿಗೆ ಒಬ್ಬಳು ದಪ್ಪ ಹೆಂಗಸು ನಿಂತಿದ್ದಳು. ನನ್ನಷ್ಟಲ್ಲದಿದ್ದರೂ ಪ್ರಾಯ ಆದವಳು. ಕೇಳಲಿಲ್ಲ, ಹೇಳಲಿಲ್ಲ, ಮಗಳ ಕೈಯಿಂದ ಕೂಸನ್ನು ಎತ್ತಿಕೊಂಡು "ಮಾಶಾಲ್ಲಾ" ಅನ್ನುತ್ತ ನಮಗಿಂತ ಮೊದಲು ನಮ್ಮದೇ ಮನೆಯ ಒಳಗೆ ನಡೆದಳು. ನನ್ನ ಹಿಂದೆ ಹಾರಿಸ್ ಮೆಲ್ಲಗೆ "ಇಸ್ಕಂದರಾನಿ" ಅಂದ. ಅಂದದ್ದು ಒಂದೇ ಮಾತು, ಆದರೆ ಬಾಯಿ ಒಂದು ಬದಿಗೆ ಹೋಯಿತು.

ನಾನು ಐದನೇ ಕ್ಲಾಸು ಬಿಟ್ಟವನು, ಮಂಗಳೂರಿನ ಕಡೆ ಖಾಸಗಿ ಬಸ್ಸಿನಲ್ಲಿ ಕಂಡಕ್ಟರ್ ಆಗಿ ಆಯುಷ್ಯ ಕಳೆದವನು. ಪುಸ್ತಕದ ವಿದ್ಯೆ ಇಲ್ಲ, ಬಾಯಿ ಓರೆಯಾಗುವುದನ್ನು ಓದಲು ಬರುತ್ತದೆ. ಹತ್ತಿರದ ಸ್ಟಾಪಿಗೆ ಟಿಕೆಟ್ ತೆಗೆದು ದೂರ ಹೋಗುವವರು, ನಿದ್ದೆ ಬಂದವರ ಹಾಗೆ ಕೂತುಕೊಳ್ಳುವವರು, ಎಷ್ಟು ಜನರನ್ನು ನೋಡಿಲ್ಲ. ಸಂಶಯ ನನ್ನ ಕೆಲಸವೇ ಆಗಿತ್ತು. ಕೆಲಸ ಬಿಟ್ಟರೂ ಅದು ನನ್ನನ್ನು ಬಿಟ್ಟಿಲ್ಲ.

ಆ ರಾತ್ರಿ ಊಟಕ್ಕೆ ಕೂತಾಗ ಮಗಳು ಹೇಳಿದಳು: "ಅಪ್ಪ, ನನ್ನ ರಜೆ ಮುಗಿದ ಮೇಲೆ ಬೇಬಿಯನ್ನು ಎದುರು ಮನೆಯ ಆಂಟಿಯ ಹತ್ತಿರ ಬಿಡುದು ಅಂತ ಮಾಡಿದ್ದೇವೆ."

"ಯಾರು, ಆ ಇಸ್ಕಂದರಾನಿಯಾ?"

"ಹಾಂ. ನಿಮಗೆ ಆಗಲೇ ಹೆಸರು ಗೊತ್ತುಂಟಾ?"

"ಅದು ಹೆಸರಾ, ಬೈಗುಳವಾ, ಅದು ಗೊತ್ತಿಲ್ಲ."

ಅಳಿಯ ನಕ್ಕ. ಅವನು ಎಗೈಲಾದ ಮಾಲ್‌ನಲ್ಲಿ ಒಂದು ಬಟ್ಟೆ ಅಂಗಡಿ ನೋಡಿಕೊಳ್ಳುವವನು, ಬೆಳಿಗ್ಗೆ ಹೋದರೆ ಕತ್ತಲಾದ ಮೇಲೆ ಬರುವುದು. ಮಗಳಿಗೆ ರುಮೈಥಿಯಾದ ಹಲ್ಲಿನ ಡಾಕ್ಟರ ಕ್ಲಿನಿಕ್ಕಿನಲ್ಲಿ ಕೆಲಸ. ಅಳಿಯನ ತಾಯಿಗೆ ಮಂಡಿ ನೋವು, ಊರಿನಿಂದ ಬರಲು ಆಗದು. ನನ್ನ ವೀಸಾ ನೆಂಟರ ವೀಸಾ, ಅದು ಮುಗಿದರೆ ನಾನು ವಿಮಾನ ಹತ್ತಲೇಬೇಕು. ಎದುರು ಮನೆ ಆಗದು ಅಂದರೆ ಮಗಳು ಕೆಲಸ ಬಿಡಬೇಕು. ಆಗಬಹುದು ಅಂದರೆ ನನ್ನ ಕೂಸು, ನಾನು ಹೆಸರೂ ತಿಳಿಯದ ಒಬ್ಬಳ ಕೈಗೆ.

ಮರುದಿನವೇ ವಿಚಾರಿಸಲು ಹೊರಟೆ. ಕೆಳಗಿನ ಬಖಾಲಾದಲ್ಲಿ, ಅಂದರೆ ಸಣ್ಣ ದಿನಸಿ ಅಂಗಡಿಯಲ್ಲಿ, ನಮ್ಮ ಕಡೆಯ ಬ್ಯಾರಿ ಹುಡುಗನೊಬ್ಬ ಇದ್ದಾನೆ. ಅವನ ಹತ್ತಿರ ಸುತ್ತಿ ಬಳಸದೆ ಕೇಳಿದೆ.

"ಇಸ್ಕಂದರಾನಿ ಅಂದರೆ ಎಂಥದು ಮಾರಾಯ?"

"ಇಸ್ಕಂದರಿಯಾದವರು ಅಣ್ಣ. ಅಲೆಕ್ಸಾಂಡ್ರಿಯಾ ಅಂತಾರಲ್ಲ, ಈಜಿಪ್ಟಿನಲ್ಲಿ, ಕಡಲ ಬದಿಯ ದೊಡ್ಡ ಪೇಟೆ. ಆಫ್ರಿಕಾದ ಆ ತುದಿಯಲ್ಲಿ ಬರ್ತದೆ."

"ಅಷ್ಟೇಯಾ?"

"ಅಷ್ಟೇ. ಆದ್ರೆ ಅವರನ್ನು ಬರೀ ಮಿಸ್ರಿ ಅಂತ ಕರೀಬೇಡಿ ಆಯ್ತಾ. ಮಿಸ್ರಿ ಅಂದ್ರೆ ಇಡೀ ಈಜಿಪ್ಟಿನವರು. ನಿಮ್ಮನ್ನು ಯಾರಾದ್ರೂ ಮದ್ರಾಸಿ ಅಂದ್ರೆ ಹೇಗಾಗ್ತದೆ, ಹಾಗೆ ಆಗ್ತದೆ ಅವರಿಗೆ."

"ಜನ ಹೇಗೆ?"

"ಮೀನು ಗೊತ್ತುಂಟು ಅವರಿಗೆ. ಆ ಆಂಟಿಯನ್ನು ದೂರದಿಂದ ಕಂಡ್ರೆ ಮೀನಿನವನು ಹಳೇ ಮೀನನ್ನು ಒಳಗೆ ಇಡ್ತಾನೆ." ಅವನು ನನ್ನ ಮುಖ ನೋಡಿ ನಕ್ಕ. "ಎಂಥ ಅಣ್ಣ, ಸಂಬಂಧ ನೋಡ್ಲಿಕ್ಕೆ ಬಂದವರ ಹಾಗೆ ಕೇಳ್ತೀರಿ?"

ಮೀನು ಬಲ್ಲವಳು ಅಂದಾಗ ಮನಸ್ಸು ಸ್ವಲ್ಪ ತಣ್ಣಗಾಯಿತು. ಮೇಲೆ ಬರುವಾಗ ಹಾರಿಸ್ ಮೆಟ್ಟಿಲು ತೊಳೆಯುತ್ತಿದ್ದ. ಅವನೂ ಈಜಿಪ್ಟಿನವನೇ, ದಕ್ಷಿಣದ ಕಡೆಯವನು. ನನ್ನ ಬಸ್‌ಸ್ಟ್ಯಾಂಡಿನ ಹಿಂದಿ, ಅವನ ಕುವೈತಿನ ಹಿಂದಿ, ಎರಡೂ ಕುಂಟಿಕೊಂಡು ಒಂದು ಕಡೆ ಸೇರಿದವು. "ಇಸ್ಕಂದರಾನಿ ಮುಶ್ಕಿಲ್, ಬಾಬಾ. ಬಹುತ್ ಮುಶ್ಕಿಲ್," ಅಂದ. ತಣ್ಣಗಾದದ್ದು ಮತ್ತೆ ಬಿಸಿಯಾಯಿತು.

ಕೂಸು ಹುಟ್ಟಿದ ಏಳನೆಯ ದಿನ ನಾನು ಬಿಸಿ ಖುಬ್ಬೂಸ್ ರೊಟ್ಟಿ ತರಲು ಬೇಕರಿಗೆ ಹೋಗಿ ಬಂದರೆ ನಮ್ಮ ಮನೆಯಲ್ಲಿ ಯಾರೂ ಇಲ್ಲ. ತೊಟ್ಟಿಲು ಖಾಲಿ. ಎದುರು ಮನೆಯಿಂದ ಹಿತ್ತಾಳೆ ಬಡಿಯುವ ಸದ್ದು. ರೊಟ್ಟಿಯ ಕಟ್ಟು ಕೈಯಲ್ಲೇ ಹಿಡಿದುಕೊಂಡು ಓಡಿದೆ.

ನೆಲದ ಮೇಲೆ ಒಂದು ದೊಡ್ಡ ಜರಡಿ. ಅದರಲ್ಲಿ ಮೆತ್ತೆ ಹಾಕಿ ನನ್ನ ಮೊಮ್ಮಗಳನ್ನು ಮಲಗಿಸಿದ್ದಾರೆ. ತಲೆಯ ಬಳಿ ಒಂದು ಚಾಕು. ಅದಕ್ಕೆ ನನ್ನ ತಕರಾರಿಲ್ಲ, ನಮ್ಮಲ್ಲಿಯೂ ಬಾಣಂತಿಯ ಹಾಸಿಗೆಯಡಿ ಕಬ್ಬಿಣ ಇಡುತ್ತೇವೆ. ಜರಡಿಗೂ ಇಲ್ಲ, ನಮ್ಮಲ್ಲಿ ಹುಟ್ಟಿದ ಕೂಸನ್ನು ಮೊರದಲ್ಲಿ ಮಲಗಿಸುವುದುಂಟು. ಆ ಹೆಂಗಸು ಪಕ್ಕದಲ್ಲಿ ಕೂತು ಕುಟ್ಟಾಣಿ ಕುಟ್ಟುತ್ತ ಕೂಸಿನ ಕಿವಿಗೆ ಏನೋ ಹೇಳುತ್ತಿದ್ದಳು. ಅದನ್ನೂ ಸಹಿಸಿದೆ. ಆಗ ನನ್ನ ಮಗಳು ನೈಟಿ ಎತ್ತಿ ಹಿಡಿದು ಮಗುವನ್ನು ದಾಟಿದಳು.

ಹೊಟ್ಟೆಯಲ್ಲಿ ಹುಟ್ಟಿದ ಮಗುವನ್ನು ಕಾಲಲ್ಲಿ ದಾಟುವುದೇ. ದಾಟಿದರೆ ಮಗು ಬೆಳೆಯುವುದಿಲ್ಲ ಎಂದು ನಮ್ಮಲ್ಲಿ ತಿಳಿಯದವರು ಯಾರು.

"ಏಯ್, ಹಿಂದೆ ದಾಟು," ಅಂದೆ.

"ಅಪ್ಪ, ಇದು ಇವರ ಕ್ರಮ. ಸುಬೂ ಅಂತ. ತಾಯಿ ಏಳು ಸಲ ದಾಟಬೇಕಂತೆ, ಮಗುವಿಗೆ ಒಳ್ಳೆದಂತೆ."

"ಅವರ ಮಗುವಿಗೆ ಒಳ್ಳೆದಿರಬಹುದು. ನೀನು ಹಿಂದೆ ದಾಟು."

ದಾಟಿದವರು ತಿರುಗಿ ದಾಟಿದರೆ ದೋಷ ಹೋಗುತ್ತದೆ, ಅದು ನಮ್ಮ ಲೆಕ್ಕ. ಮಗಳು ಹಲ್ಲು ಕಚ್ಚಿಕೊಂಡು ಹಿಂದೆ ದಾಟಿದಳು. ಇಸ್ಕಂದರಾನಿ ಕುಟ್ಟಾಣಿ ನಿಲ್ಲಿಸಿ ಎರಡು ಬೆರಳು ಎತ್ತಿದಳು. ಎರಡಾಯಿತು ಅಂತ. ಮತ್ತೆ ಮುಂದೆ ದಾಟಿಸಿದಳು. ನಾನು ಮತ್ತೆ ಹಿಂದೆ ದಾಟಿಸಿದೆ. ಅವಳ ಲೆಕ್ಕ ಏರುತ್ತ ಹೋಯಿತು, ನನ್ನದು ಪ್ರತಿ ಸಲ ಸೊನ್ನೆಗೆ ಬಂತು. ಕೊನೆಯ ಸಲ ಅವಳು ಸಾಕು ಅಂದಾಗ ನಾನು ಇನ್ನೊಂದು ಬಾಕಿ ಅಂದೆ. ಮಗಳು ಅದನ್ನೂ ದಾಟಿ, "ನಾನು ಬಾಣಂತಿ, ಕಬಡ್ಡಿ ಆಟಗಾರ್ತಿ ಅಲ್ಲ," ಎಂದು ಸೋಫಾದಲ್ಲಿ ಕೂತುಬಿಟ್ಟಳು. ಕೂಸು ಮಾತ್ರ ಎಲ್ಲರ ಕಾಲುಗಳನ್ನು ನೋಡುತ್ತ ಕೈ ಆಡಿಸುತ್ತಿತ್ತು. ಆ ಸಿಟ್ಟಿನಲ್ಲಿಯೂ ನನಗೆ ಅದರ ಬೆರಳುಗಳೇ ಕಾಣುತ್ತಿದ್ದವು.

"ಕಿವಿಯಲ್ಲಿ ಎಂಥ ಹೇಳಿದ್ದು ಅವಳು?" ಎಂದು ಕೇಳಿದೆ.

"ಅಮ್ಮನ ಮಾತು ಕೇಳು, ಅಪ್ಪನ ಮಾತು ಕೇಳಬೇಡ ಅಂತ. ತಮಾಷೆಗೆ ಹಾಗೆ ಹೇಳುವುದಂತೆ."

"ಅಜ್ಜನ ವಿಷಯ?"

ಮಗಳು ಅದನ್ನು ಅರಬಿಯಲ್ಲಿ ಕೇಳಿದಳು. ಹೆಂಗಸು ನನ್ನನ್ನು ಮೇಲಿಂದ ಕೆಳಗೆ ನೋಡಿ ಏನೋ ಅಂದಳು. "ಅಜ್ಜನನ್ನು ಮೊದಲು ನೋಡಬೇಕು, ಆಮೇಲೆ ಹೇಳ್ತೇನೆ ಅಂತಾರೆ," ಎಂದು ಮಗಳು ನಕ್ಕಳು.

ಆ ಮೇಲೆ ಅವಳು ದಿನವೂ ಬಂದಳು. ನನ್ನನ್ನು "ಯಾ ಹಾಗ್" ಎಂದು ಕರೆಯುತ್ತಿದ್ದಳು. ಮಕ್ಕಾಕ್ಕೆ ಹೋಗಿ ಬಂದ ಹಿರಿಯರನ್ನು ಕರೆಯುವ ಮರ್ಯಾದೆ ಅದು ಎಂದು ಮಗಳು ಹೇಳಿದಳು. ನಾನು ಧರ್ಮಸ್ಥಳಕ್ಕಿಂತ ಆಚೆ ಯಾತ್ರೆ ಹೋದವನಲ್ಲ. ಇಲ್ಲದ ಮರ್ಯಾದೆಯನ್ನು ಇಷ್ಟು ಸುಲಭಕ್ಕೆ ಕೊಡುವವರ ಮೇಲೆ ಕಣ್ಣು ಇಡಬೇಕು ಎಂದುಕೊಂಡೆ. ಮಾತು ಮಾತಿಗೆ ಅವಳದ್ದು ಒಂದೇ: ನಾವು ಇಸ್ಕಂದರಾನಿಗಳು ಸಾರು ಹೀಗೆ ಕುದಿಸುವುದು, ನಾವು ಇಸ್ಕಂದರಾನಿಗಳು ಮಗುವಿನ ಹೊಟ್ಟೆ ಹೀಗೆ ತಿಕ್ಕುವುದು, ಕೈರೋದವರಿಗೆ ಅದೆಲ್ಲ ಎಲ್ಲಿ ಬರಬೇಕು. ಊರಿನ ಹೆಸರನ್ನು ಎದೆಗೆ ಚುಚ್ಚಿಕೊಂಡ ಬ್ಯಾಡ್ಜಿನ ಹಾಗೆ ತೋರಿಸುತ್ತಿದ್ದಳು.

ಒಂದು ದಿನ ಹಾರಿಸ್ ನನ್ನನ್ನು ಕೆಳಗೆ ತಡೆದು ನಿಲ್ಲಿಸಿದ. "ಬಾಬಾ, ಅವಳು ಇಸ್ಕಂದರಾನಿಯೇ ಅಲ್ಲ. ಗಂಡ ಅಲ್ಲಿಯವನು. ಅವಳು ಹಳ್ಳಿಯವಳು, ಅಲ್ಲಿಂದ ದೂರ."

ನನಗೆ ಬೇಕಾದದ್ದು ಸಿಕ್ಕಿತ್ತು. ಊರಿನ ವಿಷಯದಲ್ಲಿ ಸುಳ್ಳು ಹೇಳುವವಳು ಮತ್ತೆ ಯಾವುದರಲ್ಲಿ ನಿಜ ಹೇಳುತ್ತಾಳೆ. ಆ ಸಂಜೆ ಅವಳು ಚಹಾ ಕುಡಿಯುತ್ತ ಕೂತಿದ್ದಾಗ ಮಗಳಿಗೆ, "ಕೇಳು ಇವಳಲ್ಲಿ, ನಿಜಕ್ಕೂ ಎಲ್ಲಿಯವಳು ಅಂತ," ಅಂದೆ.

"ಅಪ್ಪ, ನೀವು ಇಲ್ಲಿ ಎಲ್ಲರ ಹತ್ತಿರ ಮಂಗಳೂರು ಅಂತ ಹೇಳುದಲ್ವಾ? ನಮ್ಮದು ಕಿನ್ನಿಗೋಳಿಯ ಒಳಗಿನ ಹಳ್ಳಿ. ಮಂಗಳೂರಿನವರಿಗೆ ಗೊತ್ತಾದ್ರೆ?"

"ಅದು ಬೇರೆ. ಕೇಳು."

ಮಗಳು ಕೇಳಿದಳು. ಹೆಂಗಸು ಗ್ಲಾಸು ಕೆಳಗಿಟ್ಟಳು. ಸಿಟ್ಟು ಬರಲಿಲ್ಲ. ನಿಧಾನಕ್ಕೆ ಹೇಳಿದಳು, ಮಗಳು ಸ್ವಲ್ಪ ಸ್ವಲ್ಪವಾಗಿ ನನಗೆ ಹೇಳಿದಳು. ಹುಟ್ಟಿದ್ದು ಹತ್ತಿ ಬೆಳೆಯುವ ಒಂದು ಹಳ್ಳಿಯಲ್ಲಿ. ಮದುವೆಯಾಗಿ ಇಸ್ಕಂದರಿಯಾಕ್ಕೆ ಬಂದಳು. ಅತ್ತೆ ಸಾಯುವ ತನಕ ಅವಳನ್ನು ಕರೆದದ್ದು ಫಲ್ಲಾಹಾ ಅಂತ, ಅಂದರೆ ಹೊಲದವಳು. ಅಲ್ಲೇ ಮಕ್ಕಳನ್ನು ಹೆತ್ತಳು, ಅಲ್ಲಿಯ ಮೀನು ಮಾರ್ಕೆಟ್ಟಿನಲ್ಲಿ ಕಲಿತಳು, ಆದರೂ ಆ ಪೇಟೆಯಲ್ಲಿ ಯಾರೂ ಅವಳನ್ನು ಇಸ್ಕಂದರಾನಿ ಅನ್ನಲಿಲ್ಲ. ಕುವೈತಿಗೆ ಬಂದ ಮೇಲೆ ಈ ಕಟ್ಟಡದವರು ಅಂದರು. "ನಾನು ಅಲ್ಲ ಅನ್ನಲಿಲ್ಲ," ಎಂದು ಹೇಳಿ ಗ್ಲಾಸು ಎತ್ತಿಕೊಂಡಳು.

ಪಾಪ ಅನ್ನಿಸಿತು. ಆದರೆ ಪಾಪ ಅನ್ನಿಸುವುದು ಬೇರೆ, ಕೂಸನ್ನು ಕೊಡುವುದು ಬೇರೆ. ಕಣ್ಣೀರು ತರಿಸುವವರೂ ನನ್ನ ಬಸ್ಸಿನಲ್ಲಿ ಟಿಕೆಟ್ ತಪ್ಪಿಸಿದವರೇ. ನಾನು ಒಪ್ಪಲಿಲ್ಲ, ಬೇಡ ಅಂತಲೂ ಅನ್ನಲಿಲ್ಲ. ಮಗಳು ನನ್ನ ಮುಖ ನೋಡುತ್ತಲೇ ದಿನ ಕಳೆದಳು. ಕೊನೆಗೆ, "ನೀವು ಇರುವಾಗಲೇ ನಾನು ಕೆಲಸಕ್ಕೆ ಹೋಗಲು ಶುರು ಮಾಡ್ತೇನೆ. ನೋಡಿ, ಆಮೇಲೆ ನೀವೇ ಹೇಳಿ. ನೀವು ಬೇಡ ಅಂದ್ರೆ ರಾಜೀನಾಮೆ ಕೊಡ್ತೇನೆ," ಅಂದಳು.

ಆ ಬೆಳಿಗ್ಗೆ ಮಗಳು ಕೂಸನ್ನು ಎದುರು ಮನೆಯಲ್ಲಿ ಬಿಟ್ಟು, ಎರಡು ಸಲ ತಿರುಗಿ ಬಂದು ಮುತ್ತು ಕೊಟ್ಟು, ಕಣ್ಣು ಒರೆಸಿಕೊಂಡು ಹೋದಳು. ನಾನು ನಮ್ಮ ಬಾಗಿಲನ್ನು ಅರ್ಧ ತೆರೆದಿಟ್ಟು ಕುರ್ಚಿ ಹಾಕಿ ಕೂತೆ. ಮೊದಲು ಕೂಸಿನ ಅಳು ಕೇಳಿತು. ಮತ್ತೆ ಅವಳ ಹಾಡು. ಮತ್ತೆ ಏನೂ ಇಲ್ಲ. ಆ ಏನೂ ಇಲ್ಲದ್ದು ಬಹಳ ಹೊತ್ತು ನಡೆಯಿತು. ನನಗೆ ಕೂರಲು ಆಗಲಿಲ್ಲ. ಟಿಕೆಟ್ ಪರೀಕ್ಷೆಗೆ ಬರುವ ಚೆಕ್ಕಿಂಗಿನವರು ಹೇಳಿ ಬರುವುದಿಲ್ಲ. ನಾನೂ ಎದ್ದು ಹೋಗಿ ಬೆಲ್ ಒತ್ತದೆ ಬಾಗಿಲು ತಟ್ಟಿದೆ.

ಬಾಗಿಲು ನಾಲ್ಕು ಬೆರಳಷ್ಟು ತೆರೆಯಿತು. ಒಳಗಿನಿಂದ ಚೈನು ಹಾಕಿತ್ತು.

"ಬೇಬಿ," ಅಂದೆ, ಕೈ ಚಾಚಿದೆ.

"ಲಾ," ಅಂದಳು. ಇಲ್ಲ.

ನಾನು ಎದೆ ತಟ್ಟಿಕೊಂಡು, ನಾನು, ನಾನು, ಎಂದು ತೋರಿಸಿದೆ. ಇಷ್ಟು ದಿನ ನನ್ನ ಎದುರು ಕೂತು ಚಹಾ ಕುಡಿದವಳು ನನ್ನನ್ನು ದಾರಿಹೋಕನನ್ನು ನೋಡುವ ಹಾಗೆ ನೋಡಿದಳು. "ಮಾಮಾ. ತೆಲಿಫೋನ್," ಅಂದಳು. ಚೈನು ತೆಗೆಯಲೇ ಇಲ್ಲ. ಅಲ್ಲೇ ನಿಂತು ಮಗಳಿಗೆ ಫೋನ್ ಹಚ್ಚಿದಳು. ಕಾರಿಡಾರಿನಲ್ಲಿ ನಾನು ಬರಿಗಾಲಿನಲ್ಲಿ ನಿಂತಿದ್ದೆ. ಸಿಟ್ಟು ಕಿವಿಯ ತನಕ ಏರಿತ್ತು. ನನ್ನ ಮೊಮ್ಮಗಳು, ನನ್ನ ರಕ್ತ.

ಫೋನಿನಿಂದ ಮಗಳ ದನಿ ಬಂತು. "ಅಪ್ಪ, ನೀವು ಅಲ್ಲಿ ಎಂಥ ಮಾಡ್ತಿದ್ದೀರಿ? ಯಾರು ಬಂದ್ರೂ ನನ್ನನ್ನು ಕೇಳದೆ ಕೊಡಬೇಡಿ ಅಂತ ನಾನೇ ಹೇಳಿದ್ದು. ಕೊಡ್ಲಿಕ್ಕೆ ಹೇಳ್ಲಾ?"

ನಾನು ಆ ಸಂದಿಯಲ್ಲಿ ನೋಡಿದೆ. ಒಂದು ಕೈಯಲ್ಲಿ ಫೋನು, ಇನ್ನೊಂದು ಕೈ ಹೆಗಲ ಮೇಲೆ ಮಲಗಿದ್ದ ಕೂಸಿನ ಬೆನ್ನಿನ ಮೇಲೆ. ಅವಳ ಕಾಲು ಬಾಗಿಲಿಗೆ ಅಡ್ಡ ಒತ್ತಿ ನಿಂತಿತ್ತು. ನನ್ನ ಮೇಲೆ ಇಟ್ಟ ಕಣ್ಣು ಕದಲಿಸಲಿಲ್ಲ. ನಾನೇ ಆದರೂ ಅಷ್ಟು ಸಂಶಯಪಡುತ್ತಿದ್ದೆನೋ ಇಲ್ಲವೋ. ಕೂಸು ನಿದ್ದೆಯಲ್ಲೇ ಒಂದು ಸಲ ಬಾಯಿ ಅಲುಗಿಸಿತು, ಗಲ್ಲದ ಕುಳಿ ಕಂಡು ಮಾಯವಾಯಿತು.

"ಬೇಡ," ಅಂದೆ. "ನಿದ್ದೆ ಮಾಡಲಿ. ನೀನು ಕೆಲಸ ನೋಡು."

ಬಾಗಿಲು ಮುಚ್ಚಿತು. ಒಳಗೆ ಬೀಗ ತಿರುಗಿಸುವ ಸದ್ದೂ ಕೇಳಿತು.

ಸಂಜೆ ಮಗಳು ಚಪ್ಪಲಿ ಬಿಡುವ ಮೊದಲೇ ಕೇಳಿದಳು, "ಎಂಥ ತೀರ್ಮಾನ ಅಪ್ಪ? ನಾಳೆ ಹೋಗುದಾ, ಬೇಡ್ವಾ?"

"ಹೋಗು," ಅಂದೆ. "ಆದರೆ ಇಸ್ಕಂದರಾನಿಯ ಬಾಗಿಲಿನ ಆ ಚೈನು ಒಂದು ಬದಿಯಲ್ಲಿ ಸಡಿಲ ಉಂಟು, ನಾನು ನೋಡಿದ್ದೇನೆ. ಊರಿಗೆ ಹೋಗುವ ಮೊದಲು ಉದ್ದದ ಸ್ಕ್ರೂ ತಂದು ನಾನೇ ಬಿಗಿ ಮಾಡಿ ಕೊಡ್ತೇನೆ ಅಂತ ಅವಳಿಗೆ ಹೇಳು."